ಕಲ್ಲು ಕೆತ್ತಿದವನು ಸದನದೊಳಗೆ ಬಂದದ್ದು ಹೇಗೆ? ಲಂಡನ್‌ಗೆ ಅಧ್ಯಯನ ಪ್ರವಾಸ ಬರುವ ಶಾಸಕರಿಗೊಂದು ಬಹಿರಂಗ ಪತ್ರ

ಕರ್ನಾಟಕದ ಮಾನ್ಯ ಶಾಸಕರಿಗೆ ಮತ್ತು ವಿಧಾನ ಪರಿಷತ್ತಿನ ಸದಸ್ಯರಿಗೆ,

ನಮಸ್ಕಾರ.

ನೀವು ಅಧ್ಯಯನ ಪ್ರವಾಸವೆಂದು ಲಂಡನ್‌ಗೆ ಬಂದಾಗ ನಿಮ್ಮ ಕಾರ್ಯಕ್ರಮ ಪಟ್ಟಿ ಹೆಚ್ಚುಕಡಿಮೆ ಒಂದೇ ಥರ ಇರುತ್ತದೆ. ಥೇಮ್ಸ್ ದಡದಲ್ಲಿ 2015ರ ನವೆಂಬರ್‌ನಲ್ಲಿ ಅನಾವರಣಗೊಂಡ ಬಸವಣ್ಣನವರ ಪುತ್ಥಳಿಗೆ ಮಾಲಾರ್ಪಣೆ, ಅಲ್ಲಿಂದ ನದಿಯಾಚೆಗಿನ ಪಾರ್ಲಿಮೆಂಟ್ ಕಾಣುವಂತೆ ಒಂದು ಗುಂಪು ಫೋಟೊ, ಆಮೇಲೆ ಪಾರ್ಲಿಮೆಂಟ್ ಒಳಗೆ ಗೈಡ್ ಜೊತೆ ಒಂದು ಸುತ್ತು, ಸಂಜೆ ಇಲ್ಲಿನ ಕನ್ನಡಿಗರ ಜೊತೆ ಊಟ. ಪ್ರವಾಸ ಬೇಡ ಎಂದು ಈ ಪತ್ರ ಬರೆಯುತ್ತಿಲ್ಲ. ಆ ಮಾತನ್ನು ಪತ್ರಿಕೆಗಳು ಪ್ರತಿ ವರ್ಷ ಬರೆಯುತ್ತವೆ, ನೀವೂ ಪ್ರತಿ ವರ್ಷ ಓದಿ ವಿಮಾನ ಹತ್ತುತ್ತೀರಿ. ಬನ್ನಿ. ಬಂದಾಗ ಒಬ್ಬ ಮನುಷ್ಯನ ಬಗ್ಗೆ ವಿಚಾರಿಸಿ ಅಂತ ಕೇಳಿಕೊಳ್ಳುವುದಕ್ಕೆ ಇಷ್ಟು ಬರೆಯುತ್ತಿದ್ದೇನೆ.

ನಾನು ಇಲ್ಲಿ ಕಟ್ಟಡ ಕಾಮಗಾರಿಗಳ ಖರ್ಚಿನ ಲೆಕ್ಕ ಹಾಕುವವನು. ಹಳೆಯ ಕಟ್ಟಡಗಳ ದುರಸ್ತಿಯೇ ಹೆಚ್ಚು. ಒಂದು ಗೋಡೆ ನೋಡಿದರೆ ಅದರ ಚಂದಕ್ಕಿಂತ ಮೊದಲು, ಇದಕ್ಕೆ ದುಡ್ಡು ಕೊಟ್ಟವರು ಯಾರು, ಕೂಲಿ ಎಷ್ಟು ಬಿತ್ತು ಎಂಬ ಯೋಚನೆ ಬರುವುದು ನನ್ನ ಕಸುಬಿನ ದೋಷ. ಹೆನ್ರಿ ಬ್ರಾಡ್‌ಹರ್ಸ್ಟ್ ಎಂಬ ಕಲ್ಲುಕುಟಿಗ ನನಗೆ ಹಿಡಿಸಿದ್ದೂ ಆ ದೋಷದಿಂದಲೇ.

1840ರಲ್ಲಿ ಆಕ್ಸ್‌ಫರ್ಡ್ ಪಕ್ಕದ ಲಿಟಲ್‌ಮೋರ್ ಎಂಬ ಹಳ್ಳಿಯಲ್ಲಿ ಹುಟ್ಟಿದವರು. ಅಪ್ಪನೂ ದಿನಗೂಲಿಯ ಕಲ್ಲುಕುಟಿಗ, ಮನೆ ತುಂಬ ಮಕ್ಕಳು. ಹನ್ನೆರಡಕ್ಕೆ ಶಾಲೆ ಮುಗಿಯಿತು. ಸ್ವಲ್ಪ ದಿನ ಕಮ್ಮಾರನ ಹತ್ತಿರ ಕೈಯಾಳಾಗಿದ್ದು, ಆಮೇಲೆ ಉಳಿ ಹಿಡಿದರು. ಬ್ರಿಟಿಷ್ ಸರ್ಕಾರದಲ್ಲಿ ಮಂತ್ರಿಗಿರಿಗೆ ಏರಿದ ಮೊದಲ ಕೂಲಿಕಾರ ಈ ಹುಡುಗ. ಅದಕ್ಕೂ ದೊಡ್ಡ ವಿಚಿತ್ರವೆಂದರೆ, ತಾನು ಸದಸ್ಯನಾಗಿ ಕೂತ ಪಾರ್ಲಿಮೆಂಟ್ ಕಟ್ಟಡದಲ್ಲೇ ಮೊದಲು ಕಲ್ಲು ಕೆತ್ತಿದವರು ಇವರು. ನೀವು ಫೋಟೊ ತೆಗೆಸಿಕೊಳ್ಳುವ ಆ ಗಡಿಯಾರ ಗೋಪುರದ ಕೆಲಸದಲ್ಲೂ ಅವರ ಕೈಯಿದೆ.

ಕಲ್ಲಿನ ಕೆಲಸ ಹೇಗೆ ನಡೆಯುತ್ತದೆಂದು ಸ್ವಲ್ಪ ಹೇಳಬೇಕು. ಗಣಿಯಿಂದ ಬಂದ ದಿಮ್ಮಿಯನ್ನು ಕೆಲಸದ ಬೆಂಚಿನ ಮೇಲೆ ಕೂರಿಸುತ್ತಾರೆ. ಮೊದಲು ಒಂದು ಅಂಚಿನುದ್ದಕ್ಕೂ ಉಳಿಯಿಂದ ಒಂದು ಸಣ್ಣ ಪಟ್ಟಿ ಹೊಡೆದು ನೇರ ಮಾಡಬೇಕು, ಎದುರಿನ ಅಂಚಿಗೆ ಇನ್ನೊಂದು. ಎರಡೂ ಪಟ್ಟಿಗಳ ಮೇಲೆ ಒಂದೊಂದು ಮಟ್ಟಗೋಲಿಟ್ಟು, ಬಗ್ಗಿ, ಒಂದು ಕಣ್ಣು ಮುಚ್ಚಿ ನೋಡುತ್ತಾರೆ. ಎರಡು ಗೋಲಿನ ಮೇಲಂಚೂ ಒಂದೇ ಗೆರೆಯಾಗಿ ಕಂಡರೆ ಸರಿ, ಒಂದು ಮೂಲೆ ಎದ್ದು ಕಂಡರೆ ಮತ್ತೆ ಉಳಿ. ಆಮೇಲೆ ನಡುವಿನ ಉಬ್ಬನ್ನು ಕೊಡತಿಯ ಪೆಟ್ಟಿನಲ್ಲಿ ಕೆಡವಿ ಒಂದು ಮುಖ ಚಪ್ಪಟೆ ಮಾಡುತ್ತಾರೆ. ಆ ಒಂದು ಮುಖ ಸರಿಯಾದರೆ ಉಳಿದ ಐದನ್ನೂ ಅದರಿಂದಲೇ ಅಳೆಯಬಹುದು. ಬಳ್ಳಿ, ಕಮಾನು, ಅಂಚಿನ ತಿರುವುಗಳಿಗೆ ಸತುವಿನ ತಗಡಿನ ಅಚ್ಚು ಇಟ್ಟು ಗೆರೆ ಎಳೆಯುವುದು. ಇಂದಿಗೂ ಇಲ್ಲಿನ ಕಲ್ಲುಕೆಲಸದ ಅಂಗಳಗಳಲ್ಲಿ ಕ್ರಮ ಇದೇ. ಯಂತ್ರದ ಗರಗಸ ಬಂದು ಒರಟು ಕೆಲಸವಷ್ಟೇ ಕಮ್ಮಿಯಾಗಿದೆ. ಧೂಳು ಆಗ ನೇರ ಎದೆಗೆ ಹೋಗುತ್ತಿತ್ತು.

ಇಂಥ ಕೈಕೆಲಸ ಗೊತ್ತಿದ್ದವರಿಗೂ ದಿನಾ ಕೆಲಸ ಇರಲಿಲ್ಲ. ಹಿಮ ಬಿದ್ದರೆ ಗಾರೆ ಹೆಪ್ಪುಗಟ್ಟುತ್ತದೆ, ಕೆಲಸ ನಿಲ್ಲುತ್ತದೆ, ಕೂಲಿ ನಿಲ್ಲುತ್ತದೆ. 1858ರ ಸುಮಾರಿಗೆ ಕೆಲಸದ ಬರ ಬಿದ್ದಾಗ ಬ್ರಾಡ್‌ಹರ್ಸ್ಟ್ ದಕ್ಷಿಣ ಇಂಗ್ಲೆಂಡಿನ ಊರಿಂದೂರಿಗೆ ನೂರಾರು ಮೈಲಿ ನಡೆದರು. ಕಲ್ಲುಕುಟಿಗರ ಸಂಘದ್ದು ಒಂದು ಒಳ್ಳೆ ಏರ್ಪಾಡಿತ್ತು. ಸಂಘದ ಚೀಟಿ ತೋರಿಸಿದರೆ ಆಯಾ ಊರಿನ ಶಾಖೆಯವರು ರಾತ್ರಿಗೊಂದು ಹಾಸಿಗೆ, ದಾರಿಖರ್ಚಿಗೆ ನಾಲ್ಕು ಕಾಸು ಕೊಟ್ಟು, ಮುಂದಿನ ಊರಲ್ಲಿ ಕೆಲಸ ಇದೆಯೋ ಇಲ್ಲವೋ ಹೇಳಿ ಕಳಿಸುತ್ತಿದ್ದರು. ಸರ್ಕಾರದಿಂದ ಒಂದು ಪೆನ್ನಿಯೂ ಬಾರದ ಕಾಲದಲ್ಲಿ ಕೂಲಿಕಾರರೇ ಕೂಲಿಕಾರರಿಗೆಂದು ಕಟ್ಟಿಕೊಂಡ ವ್ಯವಸ್ಥೆ ಅದು. ನಾರಿಚ್ ಊರಿನಲ್ಲಿ ಕೆಲವು ವರ್ಷ ಇದ್ದು, ಮದುವೆಯಾಗಿ, 1865ರಲ್ಲಿ ಲಂಡನ್ ಸೇರಿದರು. ಪಾರ್ಲಿಮೆಂಟ್ ಕೆಲಸ ಸಿಕ್ಕಿದ್ದು ಆಗ.

ಆ ಕಟ್ಟಡದ್ದೂ ಒಂದು ಕಥೆಯಿದೆ, ಗೈಡ್‌ಗಳು ಅರ್ಧ ಮಾತ್ರ ಹೇಳುತ್ತಾರೆ. 1834ರ ಅಕ್ಟೋಬರ್‌ನಲ್ಲಿ ಪಾರ್ಲಿಮೆಂಟ್ ಕೂರುತ್ತಿದ್ದ ಹಳೆಯ ಅರಮನೆ ಸುಟ್ಟುಹೋಗಿದ್ದು, ಚಾರ್ಲ್ಸ್ ಬ್ಯಾರಿಯವರ ನಕ್ಷೆಯಂತೆ ಹೊಸದು ಎದ್ದಿದ್ದು, ಪ್ಯೂಜಿನ್‌ರ ಅಲಂಕಾರ, ಇದೆಲ್ಲ ನಿಮಗೆ ಹೇಳುತ್ತಾರೆ. 1841ರ ಸೆಪ್ಟೆಂಬರ್‌ನಲ್ಲಿ ಅಲ್ಲಿದ್ದ ಕಲ್ಲುಕುಟಿಗರೆಲ್ಲ ಉಳಿ ಕೆಳಗಿಟ್ಟು ಹೊರನಡೆದಿದ್ದನ್ನು ಹೇಳುವುದಿಲ್ಲ. ಜಾರ್ಜ್ ಆಲೆನ್ ಎಂಬ ಮೇಸ್ತ್ರಿಯ ಬೈಗುಳ, ದಬ್ಬಾಳಿಕೆ ತಡೆಯಲಾರದೆ ಮುಷ್ಕರ ಹೂಡಿದರು. ಅದೇ ಗುತ್ತಿಗೆದಾರರ ಕೈಯಲ್ಲಿದ್ದ ನೆಲ್ಸನ್ ಸ್ತಂಭದ ಕೆಲಸವೂ ನಿಂತಿತು. ಮುಂದಿನ ವರ್ಷದವರೆಗೆ ಎಳೆದ ಜಗಳ ಅದು. ಸಂಘದ ಖಜಾನೆ ಖಾಲಿಯಾಯಿತು, ಮೇಸ್ತ್ರಿ ಅಲ್ಲಾಡಲಿಲ್ಲ. ಕಲ್ಲಿನದೂ ಅಷ್ಟೆ. ಯಾರ್ಕ್‌ಶೈರ್ ಕಡೆಯ ಆನ್‌ಸ್ಟನ್ ಗಣಿಯ ಸುಣ್ಣಕಲ್ಲನ್ನು ಆರಿಸಿದ್ದು ದೊಡ್ಡ ತಜ್ಞರ ಸಮಿತಿಯ ಓಡಾಟದ ನಂತರ. ಗಣಿಯಲ್ಲಿ ನಿಂತು ಒಳ್ಳೆ ದಿಮ್ಮಿ ಕೆಟ್ಟ ದಿಮ್ಮಿ ಬೇರೆ ಮಾಡಲು ಮಾತ್ರ ಸರಿಯಾದ ಮೇಲ್ವಿಚಾರಕರಿರಲಿಲ್ಲ. ಲಂಡನ್ನಿನ ಕಲ್ಲಿದ್ದಲ ಹೊಗೆಗೆ ಆ ಕಲ್ಲು ಕಟ್ಟಡ ಮುಗಿಯುವ ಮುಂಚೆಯೇ ಪುಡಿ ಉದುರಿಸತೊಡಗಿತ್ತು. ಸಮಿತಿ, ವರದಿ, ಮೇಲ್ವಿಚಾರಣೆ ಇಲ್ಲದ ಕಾಮಗಾರಿ: ನಿಮಗೆ ಹೆಚ್ಚು ವಿವರಿಸಬೇಕಿಲ್ಲ ಅಂದುಕೊಂಡಿದ್ದೇನೆ.

1872ರಲ್ಲಿ ಲಂಡನ್ ಕಲ್ಲುಕುಟಿಗರ ಹೋರಾಟದಲ್ಲಿ ಬ್ರಾಡ್‌ಹರ್ಸ್ಟ್ ಮುಂದಾಳಾದರು. ಆಮೇಲೆ ಉಳಿ ಹಿಡಿಯಲಿಲ್ಲ. ಸಂಘದ ಪೂರ್ಣಾವಧಿ ಕೆಲಸ, ಕಾರ್ಮಿಕರನ್ನು ಪಾರ್ಲಿಮೆಂಟಿಗೆ ಕಳಿಸಲೆಂದೇ ಹುಟ್ಟಿದ ಲೀಗ್‌ನ ಕಾರ್ಯದರ್ಶಿತನ, 1875ರಿಂದ ಇಡೀ ದೇಶದ ಕಾರ್ಮಿಕ ಸಂಘಗಳ ಒಕ್ಕೂಟವಾದ ಟಿಯುಸಿಯ ಪಾರ್ಲಿಮೆಂಟರಿ ಸಮಿತಿಯ ಕಾರ್ಯದರ್ಶಿತನ. ಈ ಸಮಿತಿಯ ಕೆಲಸವೇ ಪಾರ್ಲಿಮೆಂಟಿನ ಮೊಗಸಾಲೆಯಲ್ಲಿ ನಿಂತು, ಒಳಗಿಂದ ಬರುವ ಸದಸ್ಯರನ್ನು ಹಿಡಿದು ಮಾತಾಡಿಸುವುದು. ಕಲ್ಲು ಕೆತ್ತುವಾಗ ಕಟ್ಟಡದ ಹೊರಗಿದ್ದವರು ಮೊಗಸಾಲೆ ತನಕ ಬಂದರು ಎನ್ನಬಹುದು. ಒಳಬಾಗಿಲು ದಾಟುವುದಕ್ಕೆ ಇನ್ನೂ ಐದು ವರ್ಷ ಬೇಕಾಯಿತು. 1874ರಲ್ಲಿ ವಿಕಮ್ ಕ್ಷೇತ್ರದಲ್ಲಿ ನಿಂತು ಸೋತರು. ಅದೇ ಚುನಾವಣೆಯಲ್ಲಿ ಅಲೆಕ್ಸಾಂಡರ್ ಮ್ಯಾಕ್‌ಡೊನಾಲ್ಡ್, ಥಾಮಸ್ ಬರ್ಟ್ ಎಂಬ ಇಬ್ಬರು ಗಣಿ ಕಾರ್ಮಿಕರು ಗೆದ್ದು, ಬ್ರಿಟನ್ನಿನ ಸದನಕ್ಕೆ ಮೊದಲ ಸಲ ಕೂಲಿಕಾರರು ಕಾಲಿಟ್ಟರು. 1880ರಲ್ಲಿ ಮಡಕೆ, ಪಿಂಗಾಣಿಯ ಊರಾದ ಸ್ಟೋಕ್‌ನಿಂದ ಲಿಬರಲ್ ಪಕ್ಷದ ಪರವಾಗಿ ಬ್ರಾಡ್‌ಹರ್ಸ್ಟ್ ಮೂರನೆಯವರಾದರು.

ಇಲ್ಲಿಯತನಕ ಓದಿದವರು ಇದನ್ನು ಛಲವಂತನೊಬ್ಬನ ಯಶೋಗಾಥೆಯ ಲೆಕ್ಕಕ್ಕೆ ಹಾಕಿರಬಹುದು. ನನ್ನ ತಕರಾರಿರುವುದು ಅಲ್ಲೇ. ಛಲ ಆ ಕಾಲದ ಸಾವಿರಾರು ಕಲ್ಲುಕುಟಿಗರಲ್ಲಿತ್ತು. ಬಾಗಿಲ ಬೀಗ ಬೇರೆ ಥರದ್ದು, ಬೀಗದ ಕೈ ದುಡ್ಡು. 1858ರವರೆಗೆ ಆಸ್ತಿ ಇಲ್ಲದವರು ಸದಸ್ಯರಾಗಲು ಕಾನೂನೇ ಬಿಡುತ್ತಿರಲಿಲ್ಲ. ಆ ಕಾನೂನು ಹೋದ ಮೇಲೂ ಸದಸ್ಯರಿಗೆ ಸಂಬಳ ಇರಲಿಲ್ಲ. ಸದನ ಶುರುವಾಗುತ್ತಿದ್ದದ್ದು ಮಧ್ಯಾಹ್ನ ಇಳಿದ ಮೇಲೆ, ಮುಗಿಯುತ್ತಿದ್ದದ್ದು ಎಷ್ಟೋ ಸಲ ನಡುರಾತ್ರಿ ದಾಟಿ. ಬೆಳಿಗ್ಗೆ ಸಾರವೆ ಹತ್ತಬೇಕಾದವನು ಆ ಹೊತ್ತಿಗೆ ಅಲ್ಲಿ ಕೂತಿರುವುದು ಹೇಗೆ? ಇನ್ನೊಂದು ವಿವರ ನಿಮಗೆ ನಂಬಲು ಕಷ್ಟವಾಗಬಹುದು: ಮತಗಟ್ಟೆ ಹಾಕಿಸುವ ಖರ್ಚು, ಅಲ್ಲಿ ಕೂರುವ ಗುಮಾಸ್ತರ ಭತ್ಯೆ, ಚುನಾವಣಾಧಿಕಾರಿಯ ಬಿಲ್ಲು, ಇಷ್ಟನ್ನೂ ಅಭ್ಯರ್ಥಿಗಳೇ ಹಂಚಿಕೊಂಡು ಕಟ್ಟಬೇಕಿತ್ತು. ಅದನ್ನು ಸರ್ಕಾರ ತನ್ನ ಮೇಲೆ ಹಾಕಿಕೊಂಡಿದ್ದು 1918ರಲ್ಲಿ, ಆಗ 150 ಪೌಂಡ್ ಠೇವಣಿಯನ್ನೂ ತಂದರು.

ಮತದ ಕಥೆಯೂ ಹಾಗೇ. 1867ರ ಕಾಯ್ದೆ ಪಟ್ಟಣಗಳಲ್ಲಿ ಮನೆ ಮಾಡಿಕೊಂಡಿದ್ದ ಗಂಡಸರಿಗೆ ಮತ ಕೊಟ್ಟಿತು, ಆದರೆ ಹನ್ನೆರಡು ತಿಂಗಳು ಒಂದೇ ಕಡೆ ವಾಸ ಇರಬೇಕಿತ್ತು. ಕೆಲಸ ಹುಡುಕುತ್ತ ಊರೂರು ಅಲೆಯುವ ಕಲ್ಲುಕುಟಿಗ ಆ ಪಟ್ಟಿಯಲ್ಲಿ ನಿಲ್ಲುವುದು ಅಪರೂಪ. 1872ರಲ್ಲಿ ಗುಪ್ತ ಮತದಾನ ಬಂತು. ಮಾಲೀಕನ ಎದುರಿಗೇ ಬಾಯಿಬಿಟ್ಟು ಮತ ಹೇಳಬೇಕಾದ ಅವಸ್ಥೆ ತಪ್ಪಿ ಎಂಟು ವರ್ಷಕ್ಕೆ ಸ್ಟೋಕ್‌ನ ಕುಂಬಾರರು ಒಬ್ಬ ಕಲ್ಲುಕುಟಿಗನನ್ನು ಆರಿಸಿ ಕಳಿಸಿದರು. ಕಾಕತಾಳೀಯ ಅಲ್ಲ.

ಹಾಗಾದರೆ ಅವರ ಹೊಟ್ಟೆಗೆ ಯಾರು ಹಾಕಿದರು? ಸಂಘಗಳು. ಟಿಯುಸಿ ಕಾರ್ಯದರ್ಶಿಯ ಸಂಬಳವೇ ಅವರಿಗೆ ಆಧಾರ, ಅದು ಬರುತ್ತಿದ್ದದ್ದು ಲಕ್ಷಾಂತರ ಕೂಲಿಕಾರರು ಕೊಟ್ಟ ಚಿಲ್ಲರೆ ಚಂದಾದಿಂದ. ಥಾಮಸ್ ಬರ್ಟ್‌ರನ್ನು ನಾರ್ತಂಬರ್‌ಲ್ಯಾಂಡಿನ ಗಣಿ ಕಾರ್ಮಿಕರು ಸಾಕಿದರು. ಸದಸ್ಯನಾದವನು ತಪ್ಪಿ ನಡೆದರೆ ಕೇಳುವ ಹಕ್ಕು ಚಂದಾ ಕೊಟ್ಟವರಿಗೆ ಇತ್ತು, ಮುಂದೆ ಅವರು ಕೇಳಿಯೂ ಕೇಳಿದರು. ಅದಕ್ಕೆ ಆಮೇಲೆ ಬರುತ್ತೇನೆ.

ಒಳಗೆ ಹೋದ ಮೇಲೆ ಏನು ಮಾಡಿದರು ಎಂಬುದಕ್ಕೆ ಒಂದು ಉದಾಹರಣೆ ಸಾಕು. ಸಾರವೆ ಕುಸಿದು ಕಲ್ಲುಕುಟಿಗನೊಬ್ಬ ಕಾಲು ಮುರಿದುಕೊಂಡ ಅಂತಿಟ್ಟುಕೊಳ್ಳಿ. ಮೇಸ್ತ್ರಿ ಕೊಳೆತ ಹಲಗೆ ಹಾಕಿಸಿದ್ದೇ ಕಾರಣ. ಕೋರ್ಟಿಗೆ ಹೋದರೆ ನ್ಯಾಯಾಧೀಶರು ಹೇಳುತ್ತಿದ್ದದ್ದು ಇಷ್ಟು: ಮೇಸ್ತ್ರಿಯೂ ನಿನ್ನಂತೆ ಸಂಬಳಗಾರ, ನಿನ್ನ ಜೊತೆ ಕೆಲಸಗಾರ, ಅವನ ತಪ್ಪಿಗೆ ಮಾಲೀಕ ಹೊಣೆಯಲ್ಲ, ಆ ಅಪಾಯ ಗೊತ್ತಿದ್ದೇ ನೀನು ಕೆಲಸಕ್ಕೆ ಸೇರಿದ್ದೀಯ. 1837ರ ಒಂದು ತೀರ್ಪಿನಿಂದ ಬೆಳೆದ ತರ್ಕ ಇದು. ದಾರಿಯಲ್ಲಿ ಹೋಗುವ ಅಪರಿಚಿತನ ಮೇಲೆ ಅದೇ ಹಲಗೆ ಬಿದ್ದಿದ್ದರೆ ಅವನಿಗೆ ಪರಿಹಾರ ಸಿಗುತ್ತಿತ್ತು! ಈ ಅನ್ಯಾಯದ ಮೇಲೆ ಸಂಘಗಳು ವರ್ಷಗಟ್ಟಲೆ ಹೋರಾಡಿ, 1880ರಲ್ಲಿ ಮಾಲೀಕರ ಹೊಣೆಗಾರಿಕೆ ಕಾಯ್ದೆ ಬಂತು. ಮೇಸ್ತ್ರಿ, ಮೇಲ್ವಿಚಾರಕರ ತಪ್ಪಿಗೆ ಮಾಲೀಕ ಉತ್ತರ ಹೇಳಬೇಕಾಯಿತು. ಕಾಯ್ದೆಯಲ್ಲಿ ತೂತಿತ್ತು: ಕೆಲಸಕ್ಕೆ ಸೇರುವಾಗಲೇ 'ಈ ಹಕ್ಕು ನನಗೆ ಬೇಡ' ಎಂದು ಕೂಲಿಕಾರನ ಹತ್ತಿರ ಬರೆಸಿಕೊಂಡರೆ ಮಾಲೀಕ ಪಾರು. ಎರಡೇ ವರ್ಷದಲ್ಲಿ ಕೋರ್ಟೂ ಅದಕ್ಕೆ ಸೈ ಎಂದಿತು. ಆದರೂ ಸಾರವೆ ಎಂದರೆ ಏನು, ಮೇಸ್ತ್ರಿ ಎಂದರೆ ಯಾರು ಎಂದು ಸ್ವಂತ ಮೈಯಿಂದ ತಿಳಿದವನೊಬ್ಬ ಸದನದಲ್ಲಿ ಎದ್ದು ನಿಂತದ್ದು ಆ ವರ್ಷಗಳಲ್ಲೇ.

1884ರಲ್ಲಿ ಬಡವರ ವಸತಿ ಕುರಿತ ರಾಯಲ್ ಕಮಿಷನ್ ಎಂಬ ವಿಚಾರಣಾ ಆಯೋಗದಲ್ಲಿ ಬ್ರಾಡ್‌ಹರ್ಸ್ಟ್ ಸದಸ್ಯರು. ಅದೇ ಮೇಜಿನ ಸುತ್ತ ವಿಕ್ಟೋರಿಯಾ ರಾಣಿಯ ಹಿರಿಮಗ, ಮುಂದಿನ ಏಳನೆಯ ಎಡ್ವರ್ಡ್ ಕೂಡ. ರಾಜಕುಮಾರರು ಇವರನ್ನು ಸ್ಯಾಂಡ್ರಿಂಗ್‌ಹ್ಯಾಮ್ ಅರಮನೆಗೆ ಕರೆದು, ತಮ್ಮ ಜಮೀನಿನ ಆಳುಗಳ ಮನೆಗಳನ್ನು ತಾವೇ ಜೊತೆಗಿದ್ದು ತೋರಿಸಿದರು. ರಾತ್ರಿ ಊಟದ ಹೊತ್ತಿಗೆ ತೊಡಕಾಯಿತು. ಅರಮನೆಯ ಪಂಕ್ತಿಗೆ ಕೂರಲು ಬೇಕಾದ ಉದ್ದ ಬಾಲದ ಕರಿ ಕೋಟು ಇವರ ಹತ್ತಿರ ಇರಲಿಲ್ಲ. ಕೊನೆಗೆ ಇವರ ಊಟವನ್ನು ಇವರ ಕೋಣೆಗೇ ಕಳಿಸುವ ಏರ್ಪಾಡಾಯಿತು. ಇದನ್ನು ಅವರು ಮುಂದೆ ತಮ್ಮ ಆತ್ಮಕಥೆಯಲ್ಲಿ ಸಂತೋಷದಿಂದಲೇ ಬರೆದುಕೊಂಡಿದ್ದಾರೆ, ತಮ್ಮನ್ನು ಮುಜುಗರದಿಂದ ಪಾರು ಮಾಡಿದ ಸೌಜನ್ಯ ಎಂಬಂತೆ. ನನಗೆ ಓದುವಾಗ ಬೇರೆ ಥರ ಅನ್ನಿಸಿತು. ಪಂಕ್ತಿಯಲ್ಲಿ ಎಲೆ ಹಾಕದೆ ಪ್ರತ್ಯೇಕ ಬಡಿಸುವುದು ಎಂದರೇನು ಎಂದು ನಮ್ಮ ಕಡೆಯವರಿಗೆ ಯಾರೂ ಕಲಿಸಬೇಕಿಲ್ಲ, ಅದನ್ನು ಎಷ್ಟು ವಿನಯದಿಂದ ಮಾಡಿದರೂ.

1886ರ ಫೆಬ್ರವರಿಯಲ್ಲಿ ಗ್ಲಾಡ್‌ಸ್ಟನ್ ಮೂರನೇ ಸಲ ಪ್ರಧಾನಿಯಾದಾಗ ಬ್ರಾಡ್‌ಹರ್ಸ್ಟ್ ಗೃಹ ಇಲಾಖೆಯ ಉಪಮಂತ್ರಿಯಾದರು. ಕಾರ್ಖಾನೆ, ಗಣಿಗಳ ತಪಾಸಣೆಯೆಲ್ಲ ಆಗ ಅದೇ ಇಲಾಖೆಯ ಕೈಯಲ್ಲಿ. ದರ್ಬಾರಿನ ಪೋಷಾಕು ತೊಡುವ ಕಷ್ಟ ಬೇಡವೆಂದು ಅಲ್ಲಿಗೆ ಹಾಜರಾಗುವುದರಿಂದ ರಾಣಿಯೇ ವಿನಾಯಿತಿ ಕೊಟ್ಟರು. ಐರ್ಲೆಂಡಿನ ಸ್ವಯಮಾಡಳಿತದ ಮಸೂದೆ ಬಿದ್ದು ಜುಲೈ ಹೊತ್ತಿಗೆ ಸರ್ಕಾರವೂ ಬಿತ್ತು. ಅರ್ಧ ವರ್ಷದ ಮಂತ್ರಿಗಿರಿ. ತಮ್ಮ ಆತ್ಮಕಥೆಗೆ ಅವರು ಕೊಟ್ಟ ಉಪಶೀರ್ಷಿಕೆಯಲ್ಲಿ ಕಲ್ಲುಕುಟಿಗನ ಬೆಂಚಿನಿಂದ ಆಡಳಿತ ಪಕ್ಷದ ಬೆಂಚಿಗೆ ಬಂದ ಹೆಮ್ಮೆ ಇದೆ. ಹೆಮ್ಮೆ ಪಡಲಿ, ಹಕ್ಕಿದೆ.

ಆದರೆ ನಾನು ಈ ಪತ್ರ ಬರೆಯಲು ಕೂತದ್ದು ಮುಂದಿನ ಭಾಗಕ್ಕಾಗಿ. ಗೈಡ್‌ಗಳು ಹೇಳದ್ದು, ಅಭಿಮಾನಿಗಳೂ ಹೇಳಲು ಇಷ್ಟಪಡದ್ದು.

1877ರ ಟಿಯುಸಿ ಅಧಿವೇಶನದಲ್ಲೇ ಬ್ರಾಡ್‌ಹರ್ಸ್ಟ್ ಒಂದು ಭಾಷಣ ಮಾಡಿದ್ದರು. ಹೆಂಗಸರು ಹೊಟ್ಟೆಪಾಡಿಗೆ ಗಂಡಸರ ಜೊತೆ ಪೈಪೋಟಿಗೆ ಇಳಿಯದೆ, ತಮ್ಮ ಜಾಗವಾದ ಮನೆಯಲ್ಲೇ ಇರುವಂಥ ಕಾಲ ತರುವುದು ಗಂಡಸರ ಕರ್ತವ್ಯ ಎಂಬುದು ಅದರ ತಿರುಳು. ಸ್ಟೋಕ್‌ನ ಪಿಂಗಾಣಿ ಕಾರ್ಖಾನೆಗಳಲ್ಲಿ ಸಾವಿರಾರು ಹೆಂಗಸರು ದುಡಿಯುತ್ತಿದ್ದರು, ಅವರಿಗೆ ಮತ ಇರಲಿಲ್ಲ. ಮೂರೇ ವರ್ಷಕ್ಕೆ ಇದೇ ಮನುಷ್ಯ ಅವರ ಊರಿನ ಪ್ರತಿನಿಧಿ. ತಾನು ಹತ್ತಿದ ಏಣಿಯ ಮೆಟ್ಟಿಲು ಇನ್ನೊಬ್ಬರಿಗೂ ಬೇಕು ಎಂಬುದು ಹತ್ತಿದವರಿಗೆ ತಾನಾಗಿ ಹೊಳೆಯುತ್ತದೆ ಎಂದು ನಂಬಿದವರು ಈ ಭಾಷಣ ಓದಬೇಕು.

ಆಮೇಲೆ ಎಂಟು ಗಂಟೆಯ ಪ್ರಶ್ನೆ. ದಿನಕ್ಕೆ ಎಂಟೇ ಗಂಟೆ ದುಡಿಮೆ ಎಂದು ಕಾನೂನು ಮಾಡಿ ಎಂಬ ಕೂಗು 1880ರ ದಶಕದ ಕೊನೆಗೆ ಜೋರಾಯಿತು. ಬ್ರಾಡ್‌ಹರ್ಸ್ಟ್ ಒಪ್ಪಲಿಲ್ಲ. ಅವರ ವಾದ ದಡ್ಡತನದ್ದಲ್ಲ: ಕಲ್ಲುಕುಟಿಗರು ಒಂಬತ್ತು ಗಂಟೆಯ ದಿನವನ್ನು ಸಂಘದ ಬಲದಿಂದ ಮಾಲೀಕರ ಹತ್ತಿರ ಕಿತ್ತುಕೊಂಡಿದ್ದರು, ಸರ್ಕಾರದ ಹತ್ತಿರ ಕೈಯೊಡ್ಡಿರಲಿಲ್ಲ. ಗಂಡಸಾದವನು ತನ್ನ ದುಡಿಮೆಯ ಹೊತ್ತನ್ನು ತಾನೇ ಚೌಕಾಸಿ ಮಾಡಿಕೊಳ್ಳಬೇಕು, ಕಾನೂನಿನ ಆಸರೆ ಹೆಂಗಸರು ಮಕ್ಕಳಿಗೆ ಮಾತ್ರ, ಹೀಗಿತ್ತು ಆ ತಲೆಮಾರಿನ ಕುಶಲಕರ್ಮಿಗಳ ನಂಬಿಕೆ. ಕೈಯಲ್ಲಿ ಕಸುಬಿರುವವನಿಗೆ ಚೌಕಾಸಿ ಸಾಧ್ಯ. ಹಡಗುಕಟ್ಟೆಯಲ್ಲಿ ಮೂಟೆ ಹೊರುವವನಿಗೆ, ಗ್ಯಾಸ್ ಕಾರ್ಖಾನೆಯ ಕುಲುಮೆಗೆ ಕಲ್ಲಿದ್ದಲು ತುಂಬುವವನಿಗೆ? ಅವನು ಹೋದರೆ ಬಾಗಿಲಲ್ಲಿ ಇನ್ನೂ ಹತ್ತು ಜನ ಕಾಯುತ್ತಿರುತ್ತಾರೆ. ಒಳಗೆ ಕೂತ ಕಲ್ಲುಕುಟಿಗನಿಗೆ ಈ ಹೊರಗಿನವರು ಕಾಣಲಿಲ್ಲ.

ಕಂಡದ್ದು ಕೀರ್ ಹಾರ್ಡಿ ಎಂಬ ಸ್ಕಾಟ್‌ಲ್ಯಾಂಡಿನ ಗಣಿ ಕಾರ್ಮಿಕನಿಗೆ. 1887ರ ಟಿಯುಸಿ ಅಧಿವೇಶನದಲ್ಲಿ, ಇನ್ನೂ ಹೆಸರಿಲ್ಲದ ಆ ಯುವಕ ಎದ್ದು ನಿಂತು ಬ್ರಾಡ್‌ಹರ್ಸ್ಟ್‌ರನ್ನು ನೇರವಾಗಿ ಪ್ರಶ್ನಿಸಿದ. ಜಾನ್ ಬ್ರನ್ನರ್ ಎಂಬ ರಾಸಾಯನಿಕ ಕಾರ್ಖಾನೆ ಒಡೆಯ ಲಿಬರಲ್ ಅಭ್ಯರ್ಥಿ ಎಂಬ ಕಾರಣಕ್ಕೆ ನೀವು ಅವನ ಪರ ನಿಂತಿರಲ್ಲ, ಅವನ ಕಾರ್ಖಾನೆಯ ಕೂಲಿಕಾರರ ಪಾಡು ನೋಡಿದ್ದೀರಾ? ಸಭೆ ಹಾರ್ಡಿಯ ಮೇಲೆಯೇ ಹರಿಹಾಯ್ದಿತು. 1889ರಲ್ಲಿ ಸ್ಕಾಟ್‌ಲ್ಯಾಂಡಿನ ಡಂಡಿ ಊರಿನ ಅಧಿವೇಶನದಲ್ಲಿ ಮತ್ತೆ ಇದೇ ಜಗಳ ಮತಕ್ಕೆ ಬಂದಾಗ ಬ್ರಾಡ್‌ಹರ್ಸ್ಟ್ ಪರ 177, ವಿರೋಧ 11. ಭರ್ಜರಿ ಗೆಲುವು. ಮರುವರ್ಷವೇ ಲಿವರ್‌ಪೂಲ್ ಅಧಿವೇಶನ ಎಂಟು ಗಂಟೆಯ ಕಾನೂನಿಗೆ ಸೈ ಎಂದಿತು, ಬ್ರಾಡ್‌ಹರ್ಸ್ಟ್ ಕಾರ್ಯದರ್ಶಿ ಹುದ್ದೆ ಬಿಟ್ಟರು. ನಡುವೆ ಗೆದ್ದದ್ದು 1889ರ ಬೇಸಿಗೆಯಲ್ಲಿ ಶುರುವಾಗಿದ್ದ ಲಂಡನ್ ಹಡಗುಕಟ್ಟೆಯ ಮುಷ್ಕರ. ಮೂಟೆ ಹೊರುವವರೂ ಸಂಘ ಕಟ್ಟಬಲ್ಲರು ಎಂದು ಅದು ತೋರಿಸಿತ್ತು.

1892ರ ಚುನಾವಣೆಯಲ್ಲಿ ನಾಟಿಂಗ್‌ಹ್ಯಾಮ್ ಪಶ್ಚಿಮದ ಗಣಿ ಕಾರ್ಮಿಕರ ಸಿಟ್ಟು ಬ್ರಾಡ್‌ಹರ್ಸ್ಟ್‌ರನ್ನು ಮುಳುಗಿಸಿತು. ಗೆದ್ದದ್ದು ಚಾರ್ಲ್ಸ್ ಸೀಲಿ, ಗಣಿ ಮಾಲೀಕರ ಕುಟುಂಬದವರು. ಆರು ವರ್ಷದ ಹಿಂದೆ ಇದೇ ಸೀಲಿಯನ್ನು ಬ್ರಾಡ್‌ಹರ್ಸ್ಟ್ ಇಲ್ಲೇ ಸೋಲಿಸಿದ್ದರು. ಕಾರ್ಮಿಕರು ಕಾರ್ಮಿಕನನ್ನು ಬಿಟ್ಟು ಮಾಲೀಕನಿಗೆ ಮತ ಹಾಕಿದರೆಂದು ಆಗಲೂ ಕೆಲವರು ಬೈದರು. ನನ್ನ ಪ್ರಕಾರ ಆ ಗಣಿ ಕಾರ್ಮಿಕರಿಗೆ ವಿಷಯ ಸರಿಯಾಗಿಯೇ ಅರ್ಥವಾಗಿತ್ತು. ಪ್ರತಿನಿಧಿಯ ಕೈಯಲ್ಲಿ ಒಂದು ಕಾಲಕ್ಕೆ ಉಳಿ ಹಿಡಿದು ಜಡ್ಡು ಕಟ್ಟಿತ್ತು ಎಂಬುದು ಅವರ ದುಡಿಮೆಯ ಒಂದು ಗಂಟೆಯನ್ನೂ ಕಮ್ಮಿ ಮಾಡುತ್ತಿರಲಿಲ್ಲ. ಅದೇ ಚುನಾವಣೆಯಲ್ಲಿ ಹಾರ್ಡಿ ವೆಸ್ಟ್ ಹ್ಯಾಮ್‌ನಿಂದ ಗೆದ್ದು, ಎಲ್ಲರೂ ರೇಷ್ಮೆ ಹ್ಯಾಟು ಹಾಕುವ ಸದನಕ್ಕೆ ಬಟ್ಟೆಯ ಟೋಪಿ ಹಾಕಿಕೊಂಡು ಹೋದರು. ನಮ್ಮ ದಾದಾಭಾಯಿ ನವರೋಜಿ ಲಂಡನ್ನಿನ ಫಿನ್ಸ್‌ಬರಿಯಿಂದ ಐದು ಮತಗಳ ಅಂತರದಲ್ಲಿ ಗೆದ್ದದ್ದೂ ಆ ಸಲವೇ.

ಬ್ರಾಡ್‌ಹರ್ಸ್ಟ್ 1894ರಲ್ಲಿ ಲೆಸ್ಟರ್‌ನಿಂದ ವಾಪಸು ಬಂದು 1906ರವರೆಗೆ ಇದ್ದರು. ಕೊನೆಯ ಚುನಾವಣೆಯಲ್ಲಿ ಅವರ ಜೊತೆಗೆ ಅದೇ ಕ್ಷೇತ್ರದ ಎರಡನೇ ಸ್ಥಾನಕ್ಕೆ ಗೆದ್ದವರು ಹೊಸ ಲೇಬರ್ ಪಕ್ಷದ ರಾಮ್ಸೆ ಮ್ಯಾಕ್‌ಡೊನಾಲ್ಡ್, ಮುಂದೆ ಆ ಪಕ್ಷದ ಮೊದಲ ಪ್ರಧಾನಿ. ಅದೇ ವರ್ಷ ಬ್ರಾಡ್‌ಹರ್ಸ್ಟ್ ರಾಜೀನಾಮೆ ಕೊಟ್ಟು ನಾರ್ಫೋಕ್‌ನ ಕ್ರೋಮರ್‌ನಲ್ಲಿ ನೆಲೆಸಿದರು. ಮುಂದಿನ ಕೆಲವು ವರ್ಷಗಳಲ್ಲಿ ನಡೆದದ್ದು ನನ್ನಂಥ ಲೆಕ್ಕದವನಿಗೆ ಬಹಳ ಮುಖ್ಯ. 1909ರಲ್ಲಿ ಆಸ್‌ಬೋರ್ನ್ ಎಂಬ ರೈಲ್ವೆ ನೌಕರ ಹೂಡಿದ್ದ ಮೊಕದ್ದಮೆಯಲ್ಲಿ, ಸಂಘಗಳು ತಮ್ಮ ಚಂದಾ ಹಣವನ್ನು ರಾಜಕೀಯಕ್ಕೆ ಖರ್ಚು ಮಾಡುವಂತಿಲ್ಲ ಎಂದು ಆಗ ದೇಶದ ಅತ್ಯುನ್ನತ ಕೋರ್ಟೂ ಆಗಿದ್ದ ಮೇಲ್ಮನೆಯ, ಅಂದರೆ ಪ್ರಭುಗಳ ಸಭೆಯ, ನ್ಯಾಯಮೂರ್ತಿಗಳು ತೀರ್ಪಿತ್ತರು. ಬ್ರಾಡ್‌ಹರ್ಸ್ಟ್‌ರ ಹೊಟ್ಟೆ ತುಂಬಿಸಿದ ದಾರಿಯೇ ಮುಚ್ಚಿತು. ಅದಕ್ಕೆ ಉತ್ತರವಾಗಿ 1911ರ ಆಗಸ್ಟ್‌ನಲ್ಲಿ ಸದಸ್ಯರಿಗೆ ವರ್ಷಕ್ಕೆ 400 ಪೌಂಡ್ ಸಂಬಳ ಮಂಜೂರಾಯಿತು, 1913ರಲ್ಲಿ ಸಂಘಗಳಿಗೆ ಪ್ರತ್ಯೇಕ ರಾಜಕೀಯ ನಿಧಿಗೆ ಅವಕಾಶ ಸಿಕ್ಕಿತು. ಬ್ರಾಡ್‌ಹರ್ಸ್ಟ್ ತೀರಿಕೊಂಡದ್ದು 1911ರ ಅಕ್ಟೋಬರ್‌ನಲ್ಲಿ, ಸಂಬಳ ಮಂಜೂರಾಗಿ ಎರಡು ತಿಂಗಳಿಗೆ.

ಮಾನ್ಯರೇ, ನಿಮ್ಮ ಸಂಬಳ, ಭತ್ಯೆ ಏರಿಕೆಯ ಮಸೂದೆಗಳು ಚರ್ಚೆಯಿಲ್ಲದೆ ಪಾಸಾದಾಗ ನಾವು ಹೊರಗಿನವರು ಗೊಣಗುತ್ತೇವೆ. ಶಾಸಕರಿಗೆ ಸಂಬಳ ಇರಲೇಬೇಕು ಎಂಬ ಪಕ್ಷ ನನ್ನದು. ಅದು ಹುಟ್ಟಿದ್ದು ಕೂಲಿಕಾರನೂ ಶಾಸಕನಾಗಲಿ ಎಂಬ ಜಗಳದಿಂದ. ಹಾಗಾದರೆ ಸಂಬಳ ಬಂದ ಮೇಲೂ ಆ ಕೂಲಿಕಾರ ಯಾಕೆ ಬರುತ್ತಿಲ್ಲ ಎಂದು ನೀವೇ ನಿಮ್ಮನ್ನು ಕೇಳಿಕೊಳ್ಳಬೇಕು. ವಿಧಾನಸಭೆಗೆ ನಿಲ್ಲಲು ಠೇವಣಿ 10,000 ರೂಪಾಯಿ, ಪರಿಶಿಷ್ಟರಿಗೆ 5,000. ಒಬ್ಬ ಗಾರೆ ಮೇಸ್ತ್ರಿ ಹೇಗೋ ಹೊಂದಿಸಬಲ್ಲ ದುಡ್ಡು. ಖರ್ಚಿನ ಮಿತಿ 40 ಲಕ್ಷ. ಅದು ಅವನಿಗೆ ನಿಲುಕದ ಮಾತು, ಮತ್ತು ಆ ಮಿತಿ ಕಾಗದದ ಮೇಲಿನದು ಎಂದು ನಿಮಗೂ ಗೊತ್ತು, ನಮಗೂ ಗೊತ್ತು. ನಿಮ್ಮಲ್ಲಿ ಬಹುಪಾಲು ಜನ ಕೋಟ್ಯಧಿಪತಿಗಳು ಎಂದು ನಾಮಪತ್ರದ ಜೊತೆ ನೀವೇ ಸಲ್ಲಿಸಿದ ಪ್ರಮಾಣಪತ್ರಗಳು ಹೇಳುತ್ತವೆ. ಅಂಬಿಗರ ಚೌಡಯ್ಯನೂ ಮೇದಾರ ಕೇತಯ್ಯನೂ ಸರಿಸಮ ಕೂತ ಅನುಭವ ಮಂಟಪವೇ ಜಗತ್ತಿನ ಮೊದಲ ಪಾರ್ಲಿಮೆಂಟ್ ಎಂದು ಥೇಮ್ಸ್ ದಡದಲ್ಲಿ ಭಾಷಣ ಮಾಡುವಾಗ, ನಿಮ್ಮ ಪಕ್ಷ ಹೋದ ಸಲ ಎಷ್ಟು ಅಂಬಿಗರಿಗೆ, ಮೇದಾರರಿಗೆ, ಕಲ್ಲು ಒಡೆಯುವವರಿಗೆ ಟಿಕೆಟ್ ಕೊಟ್ಟಿತು ಎಂದು ಯಾರಾದರೂ ಕೇಳಿದರೆ ಕೋಪಿಸಿಕೊಳ್ಳಬೇಡಿ. 1951ರಲ್ಲಿ ಅಡಿಗಲ್ಲು ಬಿದ್ದು 1956ಕ್ಕೆ ಮುಗಿದ ವಿಧಾನಸೌಧವನ್ನು ಕೈದಿಗಳೂ ಸೇರಿ ಸಾವಿರಾರು ಜನ ಕೆತ್ತಿ ನಿಲ್ಲಿಸಿದರು. ಕೆಂಗಲ್ ಹನುಮಂತಯ್ಯನವರ ಹೆಸರು ನಮಗೆಲ್ಲ ಬಾಯಿಪಾಠ. ಕೆತ್ತಿದವರಲ್ಲಿ ಒಬ್ಬರ ಹೆಸರು?

ನನ್ನ ಕೋರಿಕೆ ದೊಡ್ಡದಲ್ಲ. ಮುಂದಿನ ತಂಡ ಬಂದಾಗ ಇಲ್ಲಿನ ಪಾರ್ಲಿಮೆಂಟಿನ ಗ್ರಂಥಾಲಯದವರ ಜೊತೆ, ಕಾರ್ಮಿಕ ಸಂಘಗಳವರ ಜೊತೆ ಅರ್ಧ ದಿನ ಕೂರಲು ಸಮಯ ಕೇಳಿ. ಇಂದಿಗೂ ಸಂಘಗಳು ಅಭ್ಯರ್ಥಿಗಳಿಗೆ ದುಡ್ಡು ಕೊಡುವುದು ಹೇಗೆ, ಅದರ ಲೆಕ್ಕ ಯಾರು ನೋಡುತ್ತಾರೆ, ಒಂದು ಕ್ಷೇತ್ರದಲ್ಲಿ ಒಬ್ಬ ಅಭ್ಯರ್ಥಿ ಎಷ್ಟು ಖರ್ಚು ಮಾಡಬಹುದು, ಮೀರಿದರೆ ಏನಾಗುತ್ತದೆ, ಕೆಲಸ ಬಿಟ್ಟು ಪ್ರಚಾರ ಮಾಡುವ ಕೂಲಿಕಾರನ ಆ ತಿಂಗಳುಗಳ ಅನ್ನಕ್ಕೆ ಯಾರು ಗತಿ. ಅಂಚೆ ಹಂಚುತ್ತಿದ್ದ ಅಲನ್ ಜಾನ್ಸನ್ 2009ರಲ್ಲಿ ಇಲ್ಲಿ ಗೃಹಮಂತ್ರಿಯಾದರು, ಸಂಘದ ಮೆಟ್ಟಿಲು ಹತ್ತಿಯೇ. ಅಂಥ ದಾರಿ ಈಗ ಎಷ್ಟು ಕಿರಿದಾಗಿದೆ ಎಂದೂ ಕೇಳಿ, ಇಲ್ಲಿಯವರೂ ಅದನ್ನೇ ಗೊಣಗುತ್ತಿದ್ದಾರೆ. ಉತ್ತರಗಳನ್ನು ಬರೆದುಕೊಂಡು ಪ್ರವಾಸದ ವರದಿಯಲ್ಲಿ ಸೇರಿಸಿ. ವರದಿಯನ್ನು ಸದನದಲ್ಲಿ ಮಂಡಿಸಿ, ಕನ್ನಡದಲ್ಲಿ ಅಚ್ಚು ಹಾಕಿಸಿ, ಕೇಳಿದವರಿಗೆ ಸಿಗುವ ಹಾಗೆ ಮಾಡಿ.

ಕಟ್ಟಡ ನೋಡುವಾಗ ಕೆಳಮನೆಯಾದ ಕಾಮನ್ಸ್‌ನ ಸಭಾಂಗಣದಲ್ಲಿ ಬ್ರಾಡ್‌ಹರ್ಸ್ಟ್ ಕೂತ ಬೆಂಚು ಯಾವುದೆಂದು ಹುಡುಕಬೇಡಿ. 1941ರ ಮೇ ತಿಂಗಳ ಬಾಂಬಿಗೆ ಆ ಸಭಾಂಗಣ ಸುಟ್ಟುಹೋಗಿ, ಈಗಿರುವುದು 1950ರಲ್ಲಿ ತೆರೆದದ್ದು. ಹೊರಗೋಡೆಗಳಲ್ಲಿ ಜೇನುಬಣ್ಣಕ್ಕೆ ತಿರುಗುವ ಕಲ್ಲು ಕಂಡರೆ ಅದು ಆಮೇಲಿನ ದುರಸ್ತಿಯ ಕ್ಲಿಪ್‌ಶಮ್ ಕಲ್ಲು. ಬುಧವಾರ ಬೇಡ, ಪ್ರಧಾನಿಯ ಪ್ರಶ್ನೋತ್ತರಕ್ಕೆ ಜನ ಮುಗಿಬೀಳುತ್ತಾರೆ. ಬೇರೆ ದಿನ ಸಂಜೆ ಗ್ಯಾಲರಿಯಲ್ಲಿ ಆರಾಮಾಗಿ ಕೂರಬಹುದು, ಟಿಕೆಟ್ ಇಲ್ಲ. ಲೆಕ್ಕದ ವಿಷಯ ಮಾತಾಡಲು ಜೊತೆಗೊಬ್ಬ ಬೇಕಿದ್ದರೆ ನಾನು ರಜೆ ಹಾಕಿ ಬರುತ್ತೇನೆ, ನನ್ನ ಊಟ ನಾನೇ ತರುತ್ತೇನೆ.

ಇತಿ ನಿಮ್ಮ ವಿಶ್ವಾಸಿ,
ಲಂಡನ್ನಿನಲ್ಲಿರುವ ಒಬ್ಬ ಕನ್ನಡಿಗ